ಅಕ್ಕ ಸಾಕ್ಷಿ ಹೇಳುವಾಗ ನಾನು ಹೊರಗಿದ್ದೆ

ಅಕ್ಕನ ಜೀವನಾಂಶದ ಕೇಸಿಗೆ ಅಡ್ಡ ಬಂದವನು ಭಾವನಲ್ಲ, ನಾನು. ಇಷ್ಟು ತಿಳಿಯಲು ನನಗೆ ಎರಡು ವಾಯಿದೆ ಬೇಕಾದವು.

ಭಾವ ಮೆಟ್ಟೂರಿನ ಒಂದು ಕಾರ್ಖಾನೆಯಲ್ಲಿದ್ದವನು. ಹದಿನಾಲ್ಕು ವರ್ಷ ಸಂಸಾರ ಮಾಡಿ, ಮಕ್ಕಳಾಗಲಿಲ್ಲವೆಂದು ಬೇಸತ್ತು, ಅಕ್ಕನ ಸಹಿಯನ್ನೂ ಹಾಕಿಸಿಕೊಂಡು ವಿಚ್ಛೇದನ ಪಡೆದ. ಅಕ್ಕ ಒಂದು ಟ್ರಂಕು ಹಿಡಿದು ಸೇಲಂನ ನಮ್ಮ ಮನೆಗೆ ಬಂದಳು. ನಾನು ದೊಡ್ಡ ಮನುಷ್ಯನ ಹಾಗೆ, "ನಮ್ಮನೇಲಿ ನಿಂಗೇನ್ ಕಮ್ಮಿ?" ಅಂದೆ. ಆ ಮಾತು ಹೇಳಿದ್ದಕ್ಕೆ ಆರು ವರ್ಷ ನನ್ನನ್ನು ನಾನೇ ಮೆಚ್ಚಿಕೊಂಡಿದ್ದೆ.

ಒಂದು ದಿನ ಅವಳು ಅಕ್ಕಿಯಲ್ಲಿ ಕಲ್ಲು ಆರಿಸಲಾಗದೆ ಮೊರವನ್ನು ಕಣ್ಣಿಗೆ ಹತ್ತಿರ ಹಿಡಿದದ್ದು ಕಂಡಿತು. ಕಣ್ಣು ಮಂಜಾಗಿ ನಾಲ್ಕು ತಿಂಗಳಾಗಿತ್ತಂತೆ. ಕನ್ನಡಕ ಬೇಕೆಂದು ಬಾಯಿಬಿಟ್ಟಿರಲಿಲ್ಲ. ಯಾಕೆ ಎಂದು ರೇಗಿದೆ. ಅದಕ್ಕವಳು ಮೊರ ಕೆಳಗಿಟ್ಟು, "ನಂಗೊಂದ್ ರೂಮು, ಒಂದ್ ಒಲೆ ಸಾಕು ಲಾ. ನಂದು ಅಂತ. ಅವ್ನತ್ರ ಜೀವನಾಂಶ ಕೇಳಾಕೆ ಆಯ್ತದಾ, ವಕೀಲ್ರನ್ನ ಕೇಳು" ಅಂದಳು.

ನನಗೆ ಉರಿದುಹೋಯಿತು. ಅಕ್ಕನಿಗೆ ಅನ್ನ ಹಾಕಲು ತಮ್ಮನ ಕೈಲಾಗಲಿಲ್ಲವೆಂದು ಜನ ಆಡಿಕೊಳ್ಳುವುದಿಲ್ಲವೇ? ಆದರೂ ಕರೆದುಕೊಂಡು ಹೋದೆ. ವಕೀಲರು ತಮಿಳು ಹೆಂಗಸು, ಮಾತು ಕಡಿಮೆ. ವಿಚ್ಛೇದನವಾದರೂ, ಮರುಮದುವೆಯಾಗದೆ, ತನ್ನ ಕಾಲ ಮೇಲೆ ನಿಲ್ಲಲಾಗದ ಹೆಂಗಸು ಮಾಜಿ ಗಂಡನಿಂದ ಜೀವನಾಂಶ ಕೇಳಬಹುದು, ತಮ್ಮ ಅನ್ನ ಹಾಕಿದ ಮಾತ್ರಕ್ಕೆ ಆ ಗಂಡನ ಹೊಣೆ ತೀರುವುದಿಲ್ಲ ಎಂದರು. ಆ ಕೊನೆಯ ಮಾತು ನನಗೆ ಹಿಡಿಸಲಿಲ್ಲ.

ಮೊದಲ ವಾಯಿದೆಗೆ ಅಕ್ಕನ ಹಿಂದೆಯೇ ಇಸ್ತ್ರಿ ಅಂಗಿ ತೊಟ್ಟು ನಿಂತಿದ್ದೆ. ಊಟಕ್ಕೆ ಏನು ಮಾಡುತ್ತೀರಮ್ಮಾ ಎಂದು ನ್ಯಾಯಾಧೀಶರು ಕೇಳಿದರು. ಅಕ್ಕ ತಿರುಗಿ ನನ್ನನ್ನು ನೋಡಿದಳು. "ತಂಬಿ ಇರುಕ್ಕಾನ್ ಸಾರ್. ಒರು ಕೊರೈಯುಂ ಇಲ್ಲೆ" ಅಂದಳು. ತಮ್ಮ ಇದ್ದಾನೆ, ಯಾವ ಕೊರತೆಯೂ ಇಲ್ಲ! ಭಾವನ ವಕೀಲ ನಕ್ಕೇಬಿಟ್ಟ. ಕೇಸು ಹಾಳಾಗುತ್ತಿದೆಯೆಂದು ಗೊತ್ತಿದ್ದೂ ನನ್ನ ಎದೆ ಉಬ್ಬಿತು. ನಾಚಿಕೆಯಾಗುತ್ತದೆ, ಆದರೆ ಉಬ್ಬಿದ್ದು ನಿಜ.

ನಮ್ಮ ಜನರಲ್ಲಿ 'ಉಂಡ್ಯಾ?' ಎಂದು ಯಾರು ಕೇಳಿದರೂ, ಹೊಟ್ಟೆ ಖಾಲಿಯಿದ್ದರೂ, 'ಉಂಡೆ' ಎನ್ನುವುದೇ ರೂಢಿ. ಮನೆಯ ಗಂಡಸು ಎದುರಿಗಿದ್ದರಂತೂ ಹೆಂಗಸರ ಬಾಯಲ್ಲಿ ಬೇರೆ ಮಾತೇ ಬರುವುದಿಲ್ಲ. ಹೊರಗೆ ಬಂದಮೇಲೆ ವಕೀಲರು ಗದರಿದಾಗ ಅಕ್ಕ ನನ್ನ ಕಡೆ ಕೈ ತೋರಿಸಿ, "ನಾಕ್ ಜನದ್ ಮುಂದೆ ಊಟುಕ್ ಕಷ್ಟ ಅಂದ್ರೆ ಇವನ್ ಮಾನ ಏನಾಗ್ಬೇಕು?" ಅಂದಳು. ವಕೀಲರು ಅವಳನ್ನು ಬಿಟ್ಟು ನನ್ನತ್ತ ತಿರುಗಿದರು. ಮುಂದಿನ ಸಲ ನೀವು ಒಳಗೆ ಬರಬೇಡಿ ಸಾರ್, ಎಂದರು.

ಮುಂದಿನ ವಾಯಿದೆಗೆ ಕೋರ್ಟಿನ ಎದುರಿನ ಟೀ ಅಂಗಡಿಯಲ್ಲಿ ಕೂತೆ. ಮೂರು ಟೀ ಮುಗಿಯುವಷ್ಟರಲ್ಲಿ ವಕೀಲರು ಒಬ್ಬರೇ ಬಂದು ಅಕ್ಕ ಹೇಳಿದ್ದನ್ನು ತಿಳಿಸಿದರು. 'ತಮ್ಮ ಒಳ್ಳೆಯವನು, ಅವನ ಹೆಂಡತಿಯೂ ಒಳ್ಳೆಯವಳು. ಯಾರೂ ಒಂದು ಮಾತು ಅಂದಿಲ್ಲ. ಆದರೆ ಎಲ್ಲರೂ ಉಂಡಮೇಲೆ ಉಣ್ಣುತ್ತೇನೆ. ಬಸ್ಸಿಗೆ ಕಾಸು ಕೇಳಬೇಕಲ್ಲ ಎಂದು ಎಲ್ಲಿಗೂ ಹೋಗುವುದಿಲ್ಲ. ಆರು ವರ್ಷದಲ್ಲಿ ಒಂದು ದಿನವೂ ಇನ್ನೊಂದು ಸೌಟು ಸಾರು ಹಾಕಿಕೊಂಡಿಲ್ಲ.'

ಮನೆಗೆ ಹೋಗುವ ಬಸ್ಸಿನಲ್ಲಿ ನಾನು ಅವಳಿಂದ ದೂರದ ಸೀಟಿನಲ್ಲಿ ಕೂತೆ. ಬೇಡ ಅಂದವರು ಯಾರು, ಕೈಯಲ್ಲಿ ಸೌಟಿರಲಿಲ್ಲವೇ ಎಂದು ಒಳಗೊಳಗೇ ಕುದಿಯುತ್ತಿದ್ದೆ. ಐದು ರಸ್ತೆ ಸರ್ಕಲ್ ದಾಟುವಾಗ, ಅಕ್ಕ ತಟ್ಟೆಯ ಮುಂದೆ ಕೂತದ್ದನ್ನು ನೆನಪಿಸಿಕೊಳ್ಳಲು ನೋಡಿದೆ. ಬಡಿಸುವ ಅವಳ ಕೈ ನೆನಪಾಯಿತು, ತಟ್ಟೆ ತೊಳೆಯುವ ಬೆನ್ನು ನೆನಪಾಯಿತು. ಉಣ್ಣುವ ಅಕ್ಕ ನೆನಪಿಗೆ ಬರಲೇ ಇಲ್ಲ.

ತೀರ್ಪು ಅವಳ ಪರ ಬಂತು. ಅವಳು ಬಯಸಿದ್ದಂತೆ ಮೆಟ್ಟೂರಿನ ಹತ್ತಿರ, ನಮ್ಮ ಹಾಗೆ ಕನ್ನಡ ಮಾತಾಡುವವರು ಇರುವ ಬೀದಿಯಲ್ಲಿ ಒಂದು ರೂಮು ಹಿಡಿದಳು.

ಒಂದು ಭಾನುವಾರ ಮಧ್ಯಾಹ್ನ ಹೋದೆ. ಹೊಸ ಕನ್ನಡಕ ಹಾಕಿಕೊಂಡು ಬಾಗಿಲಲ್ಲೇ, "ಉಂಡ್ಯಾ ಲಾ?" ಅಂದಳು.

"ಉಂಡೆ" ಅಂದೆ, ಬೆಳಗಿನಿಂದ ಏನೂ ತಿಂದಿರಲಿಲ್ಲ.

"ಸುಳ್ಳೇಳ್ಬ್ಯಾಡ, ಕೂತ್ಕೊ."

ಎರಡು ತಟ್ಟೆ ಇಟ್ಟಳು, ಎರಡಕ್ಕೂ ಮುದ್ದೆ ಹಾಕಿ ಹುರುಳಿ ಸಾರು ಬಿಟ್ಟಳು. ನನ್ನ ಎದುರಿಗೇ ಚಕ್ಕಳಮಕ್ಕಳ ಹಾಕಿ ಕೂತು ಮುದ್ದೆ ಮುರಿದಳು. ಅರ್ಧ ಉಂಡಮೇಲೆ ಅವಳು ಪಾತ್ರೆ ಹತ್ತಿರ ಎಳೆದುಕೊಂಡು, ನನ್ನ ಮುಖ ನೋಡದೆ, ತನ್ನ ತಟ್ಟೆಗೆ ಇನ್ನೊಂದು ಸೌಟು ಸಾರು ಬಿಟ್ಟುಕೊಂಡಳು.