ಅಕ್ಕನ ಬಾಯಲ್ಲಿ ನಿಂತುಹೋದ ಪದ

ಬೆಳಗ್ಗೆ ಏಳೂ ಇಪ್ಪತ್ತಕ್ಕೆ ಅಕ್ಕನ ನಾಲಿಗೆ ತೊದಲಿತು. ಬನಶಂಕರಿಯ ನಮ್ಮ ಬಾಡಿಗೆ ಮನೆಯಲ್ಲಿ ತಿಂಡಿ ತಿನ್ನುತ್ತಾ, ಅಪರೂಪದ ಒಂದು ಇಂಗ್ಲಿಷ್ ಪದದ ಉಚ್ಚಾರಣೆಯನ್ನು ಮೊಬೈಲ್‌ನಲ್ಲಿ ಕೇಳಿ ಮೂರು ಸಲ ಹೇಳುವುದು ನಮ್ಮಿಬ್ಬರ ರೂಢಿ. ಅಂದಿನ ಪದ ‘ಕ್ವಿಡ್‌ನಂಕ್’. ಊರ ಸುದ್ದಿಗೆಲ್ಲ ಕಿವಿಗೊಡುವವರು ಎಂದರ್ಥ.

“ನಮ್ ಓನರ್ ಆಂಟಿಗೆ ಅಂತಾನೇ ಮಾಡಿದ್ ಪದ ಕಣೇ,” ಎಂದು ನಕ್ಕ ಅಕ್ಕ, ಎರಡನೇ ಸಲ ಹೇಳುವಾಗ ತಡವರಿಸಿದಳು. ಕಷ್ಟದ ಪದವಲ್ಲವೇ ಎಂದು ನಾನೂ ನಕ್ಕೆ. ಆಮೇಲೆ ಅವಳು ಚಟ್ನಿ ಕೇಳಲು ಹೋದಳು. ‘ಚಟ್ನಿ’ ಎಂಬ ಮಾತೂ ಹೊರಡಲಿಲ್ಲ. ತುಟಿ ಒಂದು ಕಡೆಗೆ ವಾಲಿತ್ತು.

ನನ್ನ ಕಿರುಚಾಟ ಕೇಳಿ ಕೆಳಗಿನ ಮನೆಯಿಂದ ಓಡಿ ಬಂದವರು ಅದೇ ಆಂಟಿ. “ಆಟೋಗೆಲ್ಲ ಕಾಯ್ಬೇಡ, ನಮ್ ಕಾರಲ್ಲೇ ಹೋಗೋಣ, ಅವ್ಳನ್ನ ಹಿಡ್ಕೊ,” ಎಂದರು. ಮೆದುಳಿನಲ್ಲಿ ರಕ್ತ ಹೆಪ್ಪುಗಟ್ಟಿದೆ, ಬೇಗ ಬಂದದ್ದು ಒಳ್ಳೆಯದಾಯಿತು ಎಂದರು ವೈದ್ಯರು.

ಅಕ್ಕನಿಗೆ ಮಾತು ಮರಳಿದೆ. ಆದರೂ ಎಷ್ಟೋ ರಾತ್ರಿ ಅವಳನ್ನು ಎಬ್ಬಿಸಿ, ಏನಾದರೂ ಮಾತಾಡು ಎಂದು ಪೀಡಿಸಿದ್ದೇನೆ. ಕಳೆದ ಭಾನುವಾರ ನನಗೆ ಎಚ್ಚರವಾದಾಗ ಕೋಣೆಯ ತುಂಬ ಬಿಸಿಲಿತ್ತು. ಹಾಲು ತಡವಾಯಿತೆಂದು ಅಕ್ಕ ಬಾಗಿಲಲ್ಲಿ ಜೋರಾಗಿ ಜಗಳವಾಡುತ್ತಿದ್ದಳು.