ಗೆರೆಯ ಹಿಂದಿನ ಅಂಚು

ಲೆವೆಸ್ಟರ್ ಬಾಯ್ಕಿನ್ ಅವರ ಬಾಳು ಅಳತೆಯ ಬಾಳು. ದಕ್ಷಿಣ ಅಲಬಾಮಾದ ಟಾರ್ವರ್ ಕೌಂಟಿಯ ರಸ್ತೆ ಇಲಾಖೆಯಲ್ಲಿ, ಮೋಜಣಿದಾರರ ಹಿಂದೆ ಸರಪಳಿ ಹೊತ್ತು ನಡೆಯುವ ಕೆಲಸಕ್ಕೆ ಸೇರಿದಾಗ ಅವರಿಗೆ ಹತ್ತೊಂಬತ್ತು ವರ್ಷ; ಮೊಳಕಾಲು ಕೈಕೊಟ್ಟು ನಿವೃತ್ತರಾದಾಗ ಐವತ್ತೊಂಬತ್ತು. ಆ ನಲವತ್ತು ವರ್ಷಗಳಲ್ಲಿ ಜೌಗು, ಪೈನ್ ಕಾಡು, ಹಾವು ಮಲಗಿದ ಚರಂಡಿ ಎಲ್ಲವನ್ನೂ ತುಳಿದರು. ಬಿಳಿಯರ ಹೊಲಕ್ಕೂ ಕರಿಯರ ಹೊಲಕ್ಕೂ ನಡುವೆ ಎಲ್ಲೆಗಲ್ಲು ನೆಡುವಾಗ ಎರಡೂ ಕಡೆಯವರು ಮೋಜಣಿದಾರನ ಮುಖವನ್ನು ನೋಡುತ್ತಿರಲಿಲ್ಲ, ಲೆವೆಸ್ಟರ್ ಅವರ ಹೆಬ್ಬೆರಳನ್ನು ನೋಡುತ್ತಿದ್ದರು. ಅದು ಸರಪಳಿಯ ಮೇಲೆ ಎಲ್ಲಿ ನಿಂತಿತೋ ಅಲ್ಲಿಗೆ ಜಗಳ ಮುಗಿಯಿತು. ಭಾನುವಾರ ಅದೇ ಕೈ ಮೌಂಟ್ ನೀಬೋ ಬ್ಯಾಪ್ಟಿಸ್ಟ್ ಸಭೆಯಲ್ಲಿ ಪ್ರಭುಭೋಜನದ ತಟ್ಟೆಯನ್ನು ಸಾಲಿನಿಂದ ಸಾಲಿಗೆ ಒಯ್ಯುತ್ತಿತ್ತು. ಸಭೆಯ ಸೇವೆಗೆ ಆಯ್ಕೆಯಾದ ಹಿರಿಯ, ಡೀಕನ್ ಬಾಯ್ಕಿನ್, ಹೇಳಿದ ಮಾತಿಗೆ ಸಾಕ್ಷಿ ಬೇಕಿರಲಿಲ್ಲ. ಇಂಥ ನಂಬಿಕೆಯನ್ನು ದೇವರು ಎಲ್ಲರಿಗೂ ಕೊಡುವುದಿಲ್ಲ; ಕೊಟ್ಟವರನ್ನು ವಿಚಾರಿಸದೆ ಬಿಡುವುದೂ ಇಲ್ಲ.

ಟಾರ್ವರ್ ಪಟ್ಟಣದ ಮೈದಾನದಲ್ಲಿ ವರ್ಷಕ್ಕೊಮ್ಮೆ, ಕ್ರಿಸ್ಮಸ್ ಕಳೆದ ಶನಿವಾರ, ಸಿರಪ್ ಬೌಲ್ ಎಂಬ ಅಮೆರಿಕನ್ ಫುಟ್‌ಬಾಲ್ ಪಂದ್ಯ ನಡೆಯುತ್ತಿತ್ತು. ದೊಡ್ಡ ಬೌಲ್ ಪಂದ್ಯಗಳಿಂದ ಕರೆ ಬಾರದ ಎರಡು ಕಾಲೇಜು ತಂಡಗಳು, ನಮ್ಮ ಕಬ್ಬಿನ ಪಾಕದ ಹೆಸರು ಹೊತ್ತ ಆ ಬಟ್ಟಲಿಗಾಗಿ ಬಂದು ಸೆಣಸುತ್ತಿದ್ದವು. ತೀರ್ಪುಗಾರರು ಹೊರಗಿನವರು. ಆದರೆ ಗೆರೆಯ ಪಕ್ಕದಲ್ಲಿ ಹತ್ತು ಗಜದ ಸರಪಳಿ ಹಿಡಿದು ನಿಲ್ಲುವವರು ಊರಿನವರೇ. ಅವರಿಗೆ ಸಂಬಳವಿಲ್ಲ, ಒಂದು ಕಿತ್ತಳೆ ಬಣ್ಣದ ಮೇಲಂಗಿ, ಪಂದ್ಯದ ನಂತರ ಸುಟ್ಟ ಹಂದಿಮಾಂಸದ ಊಟ, ಅಷ್ಟೆ. ಲೆವೆಸ್ಟರ್ ಆ ತಂಡಕ್ಕೆ ಸೇರಿದ ಮೊದಲ ಕರಿಯ ವ್ಯಕ್ತಿ. ಸೇರಿ ಹತ್ತೊಂಬತ್ತು ವರ್ಷಗಳಾಗಿದ್ದವು, ಎರಡನೆಯವನು ಇನ್ನೂ ಬಂದಿರಲಿಲ್ಲ.

ಅವರದು ಕ್ಲಿಪ್ಪಿನ ಕೆಲಸ. ದಾಳಿ ಮಾಡುವ ತಂಡ ನಾಲ್ಕು ಯತ್ನಗಳಲ್ಲಿ ಹತ್ತು ಗಜ ಮುಂದೆ ಸಾಗಬೇಕು, ಸಾಗದಿದ್ದರೆ ಚೆಂಡು ಎದುರಾಳಿಗೆ. ಎಲ್ಲಿಂದ ಹೊರಟರೋ ಅಲ್ಲಿ ಸರಪಳಿಯ ಹಿಂದಿನ ಕೋಲು, ಎಲ್ಲಿಗೆ ಮುಟ್ಟಬೇಕೋ ಅಲ್ಲಿ ಮುಂದಿನ ಕೋಲು. ಸಂದೇಹ ಬಂದಾಗ ಸರಪಳಿಯನ್ನು ಮೈದಾನದ ನಡುವಿಗೆ ಒಯ್ದು ಅಳೆಯಬೇಕು. ಆಗ ಅದು ಮೊದಲಿನ ಜಾಗದಲ್ಲೇ ಕೂರುವಂತೆ, ಮೈದಾನಕ್ಕೆ ಅಡ್ಡಲಾಗಿ ಎಳೆದ ಯಾವುದಾದರೊಂದು ಬಿಳಿ ಗೆರೆಯ ನೇರಕ್ಕೆ ಸರಪಳಿಗೆ ಮೊದಲೇ ಒಂದು ಕ್ಲಿಪ್ಪು ಹಾಕಿಟ್ಟು, ಅಳೆಯುವಾಗ ಆ ಕ್ಲಿಪ್ಪನ್ನು ಅದೇ ಗೆರೆಗೆ ಕೂರಿಸುತ್ತಾರೆ. ಗೆರೆಯ ಅಗಲ ನಾಲ್ಕು ಅಂಗುಲ. ಕ್ಲಿಪ್ಪು ಬೀಳಬೇಕಾದದ್ದು ಗೆರೆಯ ಹಿಂದಿನ ಅಂಚಿಗೆ, ಎಂದರೆ ತಂಡ ಹೊರಟ ಕಡೆಗಿರುವ ಅಂಚಿಗೆ. ಅದನ್ನು ಯಾವ ಅಂಚಿಗೆ ಹಾಕಿದೆ ಎಂಬುದು ಹಾಕಿದವನಿಗಲ್ಲದೆ ಭೂಮಿಯ ಮೇಲೆ ಬೇರೆ ಯಾರಿಗೂ ತಿಳಿಯುವುದಿಲ್ಲ.

ಆ ತಂಡದಲ್ಲಿ ಒಂದು ವಾಡಿಕೆಯಿತ್ತು: ಬಿಟ್ಟು ಹೋಗುವವನು ತನ್ನ ಜಾಗವನ್ನು ತನ್ನವರಿಗೆ ಕೊಟ್ಟು ಹೋಗುತ್ತಾನೆ. ಲೆವೆಸ್ಟರ್ ಅವರಿಗೆ ಇದ್ದವಳು ಒಬ್ಬಳೇ ಮಗಳು, ವರ್ಲೀನ್. ಅಪ್ಪ ಸರಪಳಿ ಹೊತ್ತ ಇಲಾಖೆಯಲ್ಲೇ ಅವಳು ಪರೀಕ್ಷೆ ಪಾಸು ಮಾಡಿ ಮೋಜಣಿದಾರಳಾಗಿದ್ದಳು. ಆ ಕಿತ್ತಳೆ ಮೇಲಂಗಿ ಅವಳ ಮೈಮೇಲೆ ಕಂಡರೆ ಸಾಕು, ಮತ್ತೇನನ್ನೂ ಬೇಡೆನೆಂದು ಅವರು ಮೊಳಕಾಲೂರಿ ಪ್ರಾರ್ಥಿಸಿದ್ದುಂಟು.

ಆ ವರ್ಷ ಬಂದ ತಂಡಗಳು ನಮ್ಮ ರಾಜ್ಯದ್ದೇ ಆದ ವಾರ್ಡ್‌ಲಾ ಕಾಲೇಜು ಮತ್ತು ಆಚೆ ರಾಜ್ಯದ ಬ್ರಾಂಟ್ಲಿ ಸ್ಟೇಟ್. ಎರಡೂ ಆ ಋತುವಿನಲ್ಲಿ ಎಂಟು ಗೆದ್ದು ಮೂರು ಸೋತಿದ್ದವು. ತಕ್ಕಡಿಯ ಎರಡು ತಟ್ಟೆಗಳಂತೆ ಒಂದು ತೂಗಿದಷ್ಟೇ ಇನ್ನೊಂದೂ ತೂಗುತ್ತಿತ್ತು. ವಾರ್ಡ್‌ಲಾ ಏಳು ಅಂಕ ಗಳಿಸಿದರೆ ಬ್ರಾಂಟ್ಲಿ ಏಳು. ಅವರು ಹತ್ತು, ಇವರು ಹತ್ತು. ಕೊನೆಗೆ ಹದಿನೇಳಕ್ಕೆ ಹದಿನೇಳು, ಉಳಿದದ್ದು ಮೂರೂವರೆ ನಿಮಿಷ. ವಾರ್ಡ್‌ಲಾ ಕೈಯಲ್ಲಿ ಚೆಂಡು, ಹೊಸ ನಾಲ್ಕು ಯತ್ನ.

ಸರಪಳಿ ತಂಡದ ಮುಖಂಡ ಕಲ್ಲನ್ ಸ್ಟ್ರೇಹಾರ್ನ್, ಪಟ್ಟಣದಲ್ಲಿ ಟ್ರ್ಯಾಕ್ಟರ್ ಅಂಗಡಿ ಇಟ್ಟವನು, ಲೆವೆಸ್ಟರ್ ಕ್ಲಿಪ್ಪು ಹಿಡಿದು ಬಾಗುವಾಗಲೇ ಪಕ್ಕಕ್ಕೆ ಬಂದ.

"ಡೀಕನ್, ಮುಂದಿನ ವರ್ಷ ಮನೇಲಿ ಬೆಚ್ಚಗೆ ಕೂತು ನೋಡಿ ಪಂದ್ಯಾನ. ಕ್ಲಿಪ್ಪು ನಮ್ಮ ತಂಗಿ ಮಗ ಬ್ಯಾರೆಟ್‌ಗೆ ಕೊಡೋಣ ಅಂತ ಮಾತಾಗಿದೆ."

"ನನ್ನ ಜಾಗ ನನ್ನ ಮಗಳಿಗೆ ಅಂತ ಹೇಳಿದ್ನಲ್ಲ, ಮಿಸ್ಟರ್ ಕಲ್ಲನ್."

"ವರ್ಲೀನ್‌ಗಾ! ಅಯ್ಯೋ ದೇವ್ರೇ, ಇಲ್ಲಿ ಗೂಳಿಗಳ ಥರ ಹುಡುಗ್ರು ಬಂದು ಮೈಮೇಲೆ ಬೀಳ್ತಾರೆ. ಹೆಂಗಸ್ರು ನಿಲ್ಲೋ ಜಾಗಾನ ಇದು? ಅದೂ ಅಲ್ದೆ, ನಿಮ್ಮ ಕಣ್ಣು ಮೊದ್ಲಿನ ಹಾಗಿಲ್ಲ ಅಂತ ನಮ್ಮೋರೆಲ್ಲ ಆಡ್ಕೊಳ್ತಿದಾರೆ."

"ಯಾರು ಆಡ್ಕೊಳ್ತಿರೋದು?"

"ಯಾರಾದ್ರೇನು ಬಿಡಿ. ಹಾಕಿ ಹಾಕಿ ಕ್ಲಿಪ್ಪು, ಆಟ ಶುರುವಾಯ್ತು."

ಲೆವೆಸ್ಟರ್ ಬಾಗಿ ಕ್ಲಿಪ್ಪು ಹಾಕಿದರು. ಅವರ ಕಿವಿ ಕೆಂಡದಂತೆ ಕಾದಿತ್ತು. ಹತ್ತೊಂಬತ್ತು ವರ್ಷ ಈ ಮನುಷ್ಯನಿಗೆ ಮಿಸ್ಟರ್ ಎನ್ನುತ್ತ ಬಂದೆನಲ್ಲ ಎಂಬ ಒಂದೇ ಯೋಚನೆ ತಲೆಯಲ್ಲಿ ಕುದಿಯುತ್ತಿತ್ತು. ಕೈ ತನ್ನ ಪಾಡಿಗೆ ತಾನು ಕೆಲಸ ಮುಗಿಸಿತು.

ಮೂರು ಯತ್ನಗಳಲ್ಲಿ ವಾರ್ಡ್‌ಲಾ ಒಂಬತ್ತು ಗಜ ಸಾಗಿತು. ನಾಲ್ಕನೆಯದರಲ್ಲಿ ಓಡಿಬಂದವನನ್ನು ಬ್ರಾಂಟ್ಲಿಯ ಐವತ್ತನಾಲ್ಕನೇ ಸಂಖ್ಯೆಯ ಹುಡುಗ ಎದೆಗೆ ಎದೆ ಕೊಟ್ಟು ಕೆಡವಿದ. ರಾಶಿಬಿದ್ದ ಮೈಗಳನ್ನು ಒಂದೊಂದಾಗಿ ಎಬ್ಬಿಸಿದಾಗ ಚೆಂಡು ಮುಟ್ಟಿತೋ ಇಲ್ಲವೋ ಎಂದು ಯಾರೂ ಹೇಳಲಾರದ ಜಾಗದಲ್ಲಿತ್ತು. ತೀರ್ಪುಗಾರ ಕೈ ಬೀಸಿ ಸರಪಳಿಯನ್ನು ಕರೆದ.

ಲೆವೆಸ್ಟರ್ ಕ್ಲಿಪ್ಪನ್ನು ಎರಡು ಬೆರಳುಗಳಲ್ಲಿ ಹಿಡಿದು ಮೈದಾನದ ನಡುವಿಗೆ ನಡೆದರು. ಕ್ಲಿಪ್ಪು ಹಾಕಿದ್ದ ಮೂವತ್ತೈದು ಗಜದ ಗೆರೆಯ ಬಳಿ ತೀರ್ಪುಗಾರ ಮಂಡಿಯೂರಿದ.

"ಹಿಂದಿನ ಅಂಚೇ ತಾನೆ, ಸರ್?"

ಆಗ ಅವರಿಗೆ ನೆನಪಾಯಿತು. ಕ್ಲಿಪ್ಪು ಹಾಕಿದಾಗ ಹೆಬ್ಬೆರಳಿನ ಮುಂದೆ ಹಸಿರು ಹುಲ್ಲಿತ್ತು. ಬಿಳಿ ಬಣ್ಣ ಹೆಬ್ಬೆರಳಿನ ಹಿಂದೆ ಇತ್ತು. ಹಾಕಿದ್ದು ಮುಂದಿನ ಅಂಚಿಗೆ. ಈಗ ಅದನ್ನು ಹಿಂದಿನ ಅಂಚಿಗಿಟ್ಟು ಅಳೆದರೆ ಇಡೀ ಸರಪಳಿ ನಾಲ್ಕು ಅಂಗುಲ ಹಿಂದೆ ಸರಿಯುತ್ತದೆ. ವಾರ್ಡ್‌ಲಾ ಮುಟ್ಟಬೇಕಾದ ಗುರಿಯೂ ಅಷ್ಟೇ ಹತ್ತಿರ ಬರುತ್ತದೆ. ತಪ್ಪಾಯಿತು ಸರ್, ಮುಂದಿನ ಅಂಚು ಎಂದು ಒಂದು ಮಾತು ಹೇಳಿದರೆ ಮುಗಿಯುತ್ತಿತ್ತು. ಆದರೆ ಸ್ಟ್ರೇಹಾರ್ನ್ ಮೂರು ಹೆಜ್ಜೆ ಆಚೆಗೆ ಕೋಲು ಹಿಡಿದು ನಿಂತಿದ್ದ. ಮುದುಕನಿಗೆ ಕಣ್ಣಿಲ್ಲ ಎಂದೆನಲ್ಲ ಎಂದು ಅವನು ಊರಿಗೆಲ್ಲ ಹೇಳುವುದು, ಮುದುಕನ ಮಗಳಿಗೆ ಬಾಗಿಲು ಮುಚ್ಚುವುದು, ಎಲ್ಲವೂ ಲೆವೆಸ್ಟರ್ ಅವರ ಕಣ್ಣಮುಂದೆ ಹಾದುಹೋಯಿತು. ಸೈತಾನ ಕೊಂಬು ಬಾಲ ಹೊತ್ತು ಬರುತ್ತಾನೆಂದು ಕಾಯುವವರು ಮೋಸಹೋಗುತ್ತಾರೆ. ಅಂದು ಅವನು ಬಂದದ್ದು ಮಗಳ ಮೇಲಿನ ಪ್ರೀತಿಯ ರೂಪದಲ್ಲಿ.

"ಹೌದು ಸರ್. ಯಾವಾಗ್ಲೂ ಹಿಂದಿನ ಅಂಚೇ."

ಸರಪಳಿ ಬಿಗಿಯಾಯಿತು. ಚೆಂಡಿನ ಮೂಗು ಮುಂದಿನ ಕೋಲನ್ನು ಎರಡು ಬೆರಳಗಲ ದಾಟಿತ್ತು. ಮತ್ತೆ ನಾಲ್ಕು ಯತ್ನ ಎಂದು ತೀರ್ಪುಗಾರ ಎದ್ದು ಕೈ ಚಾಚಿದ, ವಾರ್ಡ್‌ಲಾ ಕಡೆಯ ಮೆಟ್ಟಿಲುಗಳಲ್ಲಿ ಕೂತವರೆಲ್ಲ ಒಮ್ಮೆಗೇ ಎದ್ದರು. ಐವತ್ತನಾಲ್ಕರ ಹುಡುಗ ನಿಂತಲ್ಲೇ ಹುಲ್ಲಿನ ಮೇಲೆ ಕುಸಿದು ಶಿರಸ್ತ್ರಾಣವನ್ನು ನೆಲಕ್ಕೆ ಒತ್ತಿಕೊಂಡ. ಗಡಿಯಾರದಲ್ಲಿ ನಾಲ್ಕು ಸೆಕೆಂಡು ಉಳಿದಿದ್ದಾಗ ವಾರ್ಡ್‌ಲಾ ಚೆಂಡನ್ನು ಕಂಬಗಳ ನಡುವೆ ಒದ್ದಿತು. ಅದಕ್ಕೆ ಮೂರು ಅಂಕ; ಇಪ್ಪತ್ತಕ್ಕೆ ಹದಿನೇಳು.

ಊಟದ ಸಾಲಿನಲ್ಲಿ ಸ್ಟ್ರೇಹಾರ್ನ್ ಬಂದು ಲೆವೆಸ್ಟರ್ ಅವರ ಬೆನ್ನಿಗೆ ರಪ್ಪನೆ ಹೊಡೆದ. "ಟಿವಿಯೋರು ನಿಮ್ಮ ಕೈಯನ್ನೇ ದೊಡ್ಡದಾಗಿ ತೋರ್ಸಿದ್ರಂತೆ! ಯಾವ ಮುಠ್ಠಾಳ ರೀ ಅಂದಿದ್ದು, ಡೀಕನ್ ಕಣ್ಣು ಹೋಗಿದೆ ಅಂತ? ಆಯ್ತು, ನೀವು ಗೆದ್ರಿ. ವರ್ಲೀನ್ ಬರ್ಲಿ. ಬ್ಯಾರೆಟ್ ಕಾಯ್ತಾನೆ. ಸಮಯಕ್ಕೆ ಸರಿಯಾಗಿ ನಾನೇ ಮನೆಗೆ ಬಂದು ಕೇಳ್ತೀನಿ ಅವಳನ್ನ."

ಬೇಡಿದ್ದೆಲ್ಲ ಕೈಗೆ ಬಂದಿತ್ತು. ಲೆವೆಸ್ಟರ್ ತಟ್ಟೆಯನ್ನು ಮುಟ್ಟದೆ ಮೇಜಿನ ಮೇಲಿಟ್ಟು ಮನೆಗೆ ಹೊರಟರು.

ಮರುದಿನ ಆರಾಧನೆಯಲ್ಲಿ ಸಾಕ್ಷಿ ಹೇಳುವ ಹೊತ್ತಿಗೆ ಲೆವೆಸ್ಟರ್ ಎದ್ದು ನಿಂತರು. ಮುಂದಿನ ಬೆಂಚಿನ ಹಲಗೆಯನ್ನು ಎರಡೂ ಕೈಗಳಿಂದ ಹಿಡಿದಿದ್ದರು.

"ಪ್ರಿಯರೇ, ನಿನ್ನೆ ನಾನು ಕ್ಲಿಪ್ಪನ್ನ ತಪ್ಪು ಅಂಚಿಗೆ ಹಾಕ್ದೆ. ಕೇಳಿದಾಗ ಸರಿ ಅಂಚು ಅಂತ ಸುಳ್ಳು ಹೇಳ್ದೆ. ಗೆಲ್ಬಾರದೋರು ಗೆದ್ರು. ನನಗೋಸ್ಕರ ಪ್ರಾರ್ಥನೆ ಮಾಡಿ."

ಹಿಂದಿನಿಂದ ಒಬ್ಬ ಕೂಗಿದ: "ವಾರ್ಡ್‌ಲಾ ಗೆಲ್ತಲ್ಲ ಡೀಕನ್, ಆಮೆನ್!" ಇಡೀ ಸಭೆ ನಕ್ಕಿತು. ಎಂಬತ್ತೆಂಟರ ಹಿರಿಯಮ್ಮ ಅರ್ನಸ್ಟೀನ್, ಬುಟ್ಟಿಯಷ್ಟು ದೊಡ್ಡ ನೇರಳೆ ಟೋಪಿಯನ್ನು ತಿರುಗಿಸಿ, "ಕೂತ್ಕೊಳ್ಳಪ್ಪಾ ಸಾಕು. ನಾಲ್ಕು ಅಂಗುಲಕ್ಕೆಲ್ಲ ಜನ ನರಕಕ್ಕೆ ಹೋಗೋದಾದ್ರೆ, ಅಲ್ಲಿ ನನ್ನ ಟೋಪಿ ಇಡೋಕೂ ಜಾಗ ಉಳಿಯಲ್ಲ" ಎಂದಳು. ಬೋಧಕರೂ ಕರವಸ್ತ್ರದಿಂದ ಬಾಯಿ ಮುಚ್ಚಿಕೊಂಡು ನಕ್ಕು, ಮುಂದಿನ ಹಾಡಿನ ಸಂಖ್ಯೆ ಹೇಳಿದರು.

ಆ ನಗುವಿನಲ್ಲಿ ಕೇಡಿರಲಿಲ್ಲ, ಅಪಾರ ಪ್ರೀತಿಯಿತ್ತು. ಅದಕ್ಕೇ ಅದು ಅಷ್ಟು ಕಹಿಯಾಗಿತ್ತು. ತಪ್ಪನ್ನು ತಪ್ಪೆಂದು ಯಾರೂ ಒಪ್ಪದಿದ್ದರೆ ಅದನ್ನು ಕ್ಷಮಿಸುವವರು ಯಾರು? ಲೆವೆಸ್ಟರ್ ತಂದ ಹೊರೆಯನ್ನು ಇಳಿಸಲು ಜಾಗ ಸಿಗದೆ ಮತ್ತೆ ಹೊತ್ತುಕೊಂಡೇ ಮನೆಗೆ ಹೋದರು.

ಸಭೆಯಲ್ಲಿ ವರ್ಲೀನ್ ಒಬ್ಬಳೇ ನಕ್ಕಿರಲಿಲ್ಲ. ಊಟಕ್ಕೆ ಅಲಸಂದೆ ಕಾಳಿನ ಸಾರು ಬಡಿಸುತ್ತ ಅವಳು ಒಂದೇ ಪ್ರಶ್ನೆ ಕೇಳಿದಳು.

"ಡ್ಯಾಡಿ, ನಿಮಗೆ ನೆನಪಾಗಿದ್ದು ಆ ತೀರ್ಪುಗಾರರಿಗೆ ಹೇಳೋಕೆ ಮುಂಚೆನೋ, ಆಮೇಲೋ?"

"ಮುಂಚೆ, ಮಗಳೇ."

ಅವಳು ಸೌಟನ್ನು ಪಾತ್ರೆಯಲ್ಲಿಟ್ಟಳು.

ಜನವರಿಯಲ್ಲಿ ಲೆವೆಸ್ಟರ್ ಬ್ರಾಂಟ್ಲಿಯ ತರಬೇತುದಾರನಿಗೆ ಫೋನು ಮಾಡಿದರು. ಅವನು ಕೊನೆಯವರೆಗೂ ಅಡ್ಡಬಾಯಿ ಹಾಕದೆ ಕೇಳಿದ.

"ಸರ್, ನೀವು ದೊಡ್ಡೋರು, ಬೈಯಲ್ಲ ನಾನು. ನೀವು ಕುಡಿದೂ ಇಲ್ಲ ಅಂತ ದನೀಲೇ ಗೊತ್ತಾಗುತ್ತೆ. ಆದ್ರೆ ಅವತ್ತು ಬಟ್ಟೆ ಬದಲಾಯಿಸೋ ಕೋಣೇಲಿ ನಮ್ಮ ಹುಡುಗ್ರಿಗೆ ಏನು ಹೇಳ್ದೆ ಗೊತ್ತಾ? ಇನ್ನೊಂದು ಸ್ವಲ್ಪ ಗಟ್ಟಿಯಾಗಿ ತಳ್ಳಿದ್ರೆ ನಿಮ್ಮದೇ ಆಗ್ತಿತ್ತು, ತಳ್ಳಲಿಲ್ಲ ನೀವು ಅಂದೆ. ಐವತ್ನಾಲ್ಕರೋನು ಅತ್ಬಿಟ್ಟ. ಅವನು ಓದು ಮುಗಿಸಿ ಊರಿಗೆ ಹೋದ, ಇನ್ನು ಆಡೋದಿಲ್ಲ. ಈಗ ಏನಂತ ಹೇಳ್ಲಿ ನಾನು ಅವನಿಗೆ?"

"ನಾನೇ ಹೇಳ್ತೀನಿ. ಅವನ ನಂಬರ್ ಕೊಡಿ."

"ಬೇಡ ಸರ್. ನಿಮ್ಮ ಮನಸ್ಸು ಹಗುರ ಆಗುತ್ತೆ, ಅವಂದು ಆಗಲ್ಲ. ಇಡ್ತೀನಿ."

ಅಕ್ಟೋಬರಿನ ಒಂದು ಶನಿವಾರ ಬೆಳಿಗ್ಗೆ, ಹೇಳಿದ ಮಾತಿನಂತೆ, ಸ್ಟ್ರೇಹಾರ್ನ್ ಬಂದು ಲೆವೆಸ್ಟರ್ ಅವರ ಮನೆಯ ಮುಂದೆ ವಾಹನ ನಿಲ್ಲಿಸಿದ. ಕೈಯಲ್ಲಿ ಹೊಸ ಕಿತ್ತಳೆ ಮೇಲಂಗಿಯಿತ್ತು, ಅಳತೆ ವರ್ಲೀನ್‌ಳದೇ. ಅವಳು ಜಗುಲಿಯಲ್ಲಿ ಕೂತು ಕೆಲಸದ ಬೂಟಿನ ಮಣ್ಣು ಕೆರೆಯುತ್ತಿದ್ದಳು. ಲೆವೆಸ್ಟರ್ ಒಳಗೆ, ಜಾಲರಿ ಬಾಗಿಲಿನ ಹಿಂದೆ ಇದ್ದರು. ಆ ಬಟ್ಟೆಯ ಬಣ್ಣ ಕಂಡೊಡನೆ, ನಾಚಿಕೆಗೆಟ್ಟ ಹೃದಯ ಇನ್ನೂ ಒಮ್ಮೆ ಹಿಗ್ಗಿತು; ತಾನು ಕೆಟ್ಟರೂ ಇದಾದರೂ ಉಳಿಯಿತಲ್ಲ ಎಂದುಕೊಂಡರು.

"ತಗೋಮ್ಮಾ ವರ್ಲೀನ್," ಸ್ಟ್ರೇಹಾರ್ನ್ ನಗುತ್ತ ಅಂದ. "ನಿಮ್ಮ ಡ್ಯಾಡಿ ಜಾಗ. ಟಾರ್ವರ್‌ನಲ್ಲಿ ಮೊದಲ ಹೆಂಗಸು ನೀನೇ. ಪೇಪರ್‌ನೋರನ್ನೂ ಕರೆಸ್ತೀನಿ."

"ನನಗೆ ಬೇಡ, ಮಿಸ್ಟರ್ ಕಲ್ಲನ್."

"ಯಾಕಮ್ಮಾ, ಬ್ಯಾರೆಟ್ ಬಗ್ಗೆ ಅಂದಿದ್ನಲ್ಲ, ಅದಕ್ಕೆ ಕೋಪಾನ?"

"ಅಲ್ಲ. ನಮ್ಮ ಡ್ಯಾಡಿ ಅವತ್ತು ತಪ್ಪು ಅಂಚಿಗೆ ಕ್ಲಿಪ್ಪು ಹಾಕಿದ್ರು. ಗೊತ್ತಿದ್ದೂ ಸುಳ್ಳು ಹೇಳಿದ್ರು. ಬ್ರಾಂಟ್ಲಿ ಹುಡುಗ್ರು ಗೆಲ್ಲಬಹುದಾಗಿದ್ದ ಆಟಾನ ಕಿತ್ಕೊಂಡ್ರು. ಅದಕ್ಕೆ ಸಿಕ್ಕಿದ ಕೂಲಿ ಈ ಅಂಗಿ. ನಾನು ಹಾಕ್ಕೊಳ್ಳಲ್ಲ."

ಹತ್ತು ತಿಂಗಳು ಊರೆಲ್ಲ ಅಲೆದು ಲೆವೆಸ್ಟರ್ ಹುಡುಕಿದ್ದು ಇದೇ ಮಾತನ್ನು. ಮಾಡಿದ್ದಕ್ಕೆ ಅದರ ನಿಜವಾದ ಹೆಸರಿಟ್ಟು ಕರೆಯುವ ಒಂದು ಬಾಯಿಗಾಗಿ ದೇವರ ಮುಂದೆ ಅತ್ತಿದ್ದರು. ದೇವರು ಕೊಟ್ಟ; ಅವಳ ಬಾಯಿಂದಲೇ, ಆ ಮನುಷ್ಯನ ಎದುರಿಗೇ ಕೊಟ್ಟ.

ಸ್ಟ್ರೇಹಾರ್ನ್ ತಲೆ ಕೆರೆದುಕೊಂಡ. "ಅಯ್ಯೋ, ಅದು ಮುಗಿದ ಕತೆ ಕಣಮ್ಮಾ. ಅಪ್ಪ ಮಗಳು ಇಬ್ರದ್ದೂ ಒಂದೇ ಹುಚ್ಚು. ಹಾಗಾದ್ರೆ ಬ್ಯಾರೆಟ್‌ಗೆ ಹೇಳ್ಲಾ?"

"ಹೇಳಿ."

ವಾಹನ ತಿರುಗಿ ಹೋಯಿತು. ವರ್ಲೀನ್ ಬೂಟು ಹಾಕಿಕೊಂಡು, ಲೇಸು ಬಿಗಿದು ಕಟ್ಟಿ, ಹಿಂದಿರುಗಿ ನೋಡದೆ ಕೇಳಿದಳು:

"ಕೇಳಿಸ್ತಾ, ಡ್ಯಾಡಿ?"

"ಕೇಳಿಸ್ತು."

"ಕೇಳಿಸ್ಲಿ ಅಂತಲೇ ಜೋರಾಗಿ ಹೇಳಿದ್ದು," ಎಂದು ಅವಳು ಮೆಟ್ಟಿಲಿಳಿದು ಕೆಲಸಕ್ಕೆ ಹೊರಟಳು.