ಎಳೆ ಜೋಳದ ವಿಷಕ್ಕೆ ನಾನು ಹೇಳಿದ ಹೆಸರು

ನಮ್ಮ ಮನೆಯಲ್ಲಿ ಈ ಸಂಗತಿಯನ್ನು ಹೇಳುವ ರೀತಿ ಒಂದಿದೆ. ಒಂಬತ್ತು ಕುರಿ ಸತ್ತಾಗ ಪೂಜಾರಿ ಅದನ್ನು ಬೀರಪ್ಪನ ಸಿಟ್ಟು ಅಂದನಂತೆ. ಹೈದರಾಬಾದಿನಿಂದ ರಜೆಗೆ ಬಂದಿದ್ದ ನಾನು ಎದ್ದು ನಿಂತು ಪುಸ್ತಕದ ಒಂದು ಪದ ಹೇಳಿದೆನಂತೆ. ಕಟ್ಟೆಯ ಮೇಲಿದ್ದ ಹಿರಿಯರ ಬಾಯಿ ಬಂದ್ ಆಯಿತಂತೆ. ಮಕ್ತಲ್ ಸಂತೆಯಲ್ಲಿ ಸಿಕ್ಕವರಿಗೆಲ್ಲ ಅಪ್ಪ ಇದನ್ನೇ ಹೇಳುತ್ತಾನೆ. ನಾನು ಪಕ್ಕದಲ್ಲಿದ್ದರೂ ಹೇಳುತ್ತಾನೆ.

ಇದರಲ್ಲಿ ಮೊದಲ ಎರಡು ಮಾತು ಸರಿ. ಮೂರನೆಯದನ್ನು ನಾನು ಒಪ್ಪುವುದಿಲ್ಲ. ಹಿರಿಯರ ಬಾಯಿ ಬಂದ್ ಆಗಲಿಲ್ಲ. ನಾನು ಮಾತು ಮುಗಿಸಿದ ಮೇಲೆಯೇ ಅವರು ಸರಿಯಾಗಿ ಮಾತಾಡಲು ಶುರು ಮಾಡಿದ್ದು. ಅವರು ಏನು ಮಾತಾಡಿದರು, ಅದರಿಂದ ನನ್ನ ಅತ್ತಿಗೆಗೆ ಏನಾಯಿತು ಎಂಬುದನ್ನು ಮಾತ್ರ ಮನೆಯಲ್ಲಿ ಯಾರೂ ಹೇಳುವುದಿಲ್ಲ.

ಮೊದಲು ಆ ಪದದ ವಿಷಯ. ಆಗ ಹೈದರಾಬಾದಿನ ನಮ್ಮ ಕಾಲೇಜಿನಲ್ಲಿ ರಸಾಯನಶಾಸ್ತ್ರವೂ ಉರ್ದುವಿನಲ್ಲೇ ನಡೆಯುತ್ತಿತ್ತು. ಗಿಡಗಳೊಳಗೆ ಹುಟ್ಟುವ ವಸ್ತುಗಳ ಪಾಠ ಬಂದಾಗ ಉಸ್ತಾದರು ಹಲಗೆಯ ಮೇಲೆ ಉದ್ದನೆಯ ಪಟ್ಟಿ ಬರೆದು, ಇವು ಪರೀಕ್ಷೆಗೆ ಬರುವುದಿಲ್ಲ, ಸುಮ್ಮನೆ ಓದಿಕೊಳ್ಳಿ ಅಂದರು. ಪಟ್ಟಿಯ ಕೊನೆಗೆ ‘ಧುರ್ರಿನ್’ ಅಂತ ಇತ್ತು. ಅರಬರು ಜೋಳಕ್ಕೆ ಧುರ್ರಾ ಅನ್ನುತ್ತಾರೆ, ಹೆಸರು ಅಲ್ಲಿಂದ ಬಂದದ್ದು ಅಂದರು. ಜೋಳದ ಹೊಲಗಳ ನಡುವೆ ಕುರಿ ಹಿಂದೆ ಬೆಳೆದವನು ಆ ಕ್ಲಾಸಿನಲ್ಲಿ ನಾನೊಬ್ಬನೇ ಇರಬೇಕು. ಪರೀಕ್ಷೆಗೆ ಬಾರದ ಆ ಪದವೇ ನನ್ನ ತಲೆಯಲ್ಲಿ ಕೂತಿತು.

ಅರ್ಥ ಕಷ್ಟದ್ದಲ್ಲ. ಎಳೆ ಜೋಳದ ಎಲೆಯೊಳಗೆ ಒಂದು ವಿಷ ಸಕ್ಕರೆಯ ಜೊತೆ ಕಟ್ಟಿಸಿಕೊಂಡು ಕೂತಿರುತ್ತದೆ. ಆ ಕಟ್ಟಿದ ಜೋಡಿಗೆ ಧುರ್ರಿನ್ ಎಂದು ಹೆಸರು. ಎಲೆ ಇಡಿಯಾಗಿರುವವರೆಗೆ ಅದರಿಂದ ಯಾರಿಗೂ ತೊಂದರೆ ಇಲ್ಲ. ಎಲೆಯನ್ನು ಜಗಿದರೆ, ಅಲ್ಲೇ ಬೇರೆ ಗೂಡಿನಲ್ಲಿದ್ದ ಇನ್ನೊಂದು ವಸ್ತು ಬಂದು ಸೇರಿ ಆ ಕಟ್ಟು ಬಿಚ್ಚುತ್ತದೆ. ಸಕ್ಕರೆ ಬೇರೆಯಾಗಿ ವಿಷ ಹೊರಬೀಳುತ್ತದೆ. ಬೆಳೆ ಬಲಿತಂತೆ ಇದು ಕಡಿಮೆಯಾಗುತ್ತದೆ. ತೆನೆ ಕೊಯ್ದ ಮೇಲೆ ಬುಡದಿಂದ ಒಡೆದ ಚಿಗುರಿನಲ್ಲಿ, ಅದೂ ನೀರು ಸಾಲದೆ ಸೊರಗಿದ ಚಿಗುರಿನಲ್ಲಿ, ಹೆಚ್ಚು. ಒಣಗಿದ ದಂಟನ್ನು ವರ್ಷವಿಡೀ ತಿಂದು ಬದುಕುವ ಕುರಿ ಹಸಿರು ಚಿಗುರು ತಿಂದು ಸಾಯುವುದು ಇದೇ ಕಾರಣಕ್ಕೆ.

ಈಗ ಆ ಭಾನುವಾರ. ನಮ್ಮದು ನಾರಾಯಣಪೇಟೆಗೆ ಒಂದು ತಾಸಿನ ನಡಿಗೆಯ ಹಳ್ಳಿ. ಭಾನುವಾರ ನಮ್ಮ ಮನೆಯಲ್ಲಿ ಕುರಿದೊಡ್ಡಿಯ ಬಾಗಿಲು ತೆಗೆಯುವ ಮೊದಲು ಅಪ್ಪ ಕುರಿಗಳ ಮೇಲೆ ಅರಿಶಿನದ ಭಂಡಾರ ಎರಚಿ ಬೀರಪ್ಪನ ಹೆಸರು ಕೂಗಬೇಕು, ಮನೆಯಲ್ಲಿರುವ ಗಂಡಸರೆಲ್ಲ ಒಟ್ಟಿಗೆ ‘ಓ’ ಅನ್ನಬೇಕು. ಓಗೊಡದೆ ಬಾಗಿಲು ತೆಗೆಯುವಂತಿಲ್ಲ. ಅವತ್ತು ಅಣ್ಣ ಮರಿಕಲ್ ಕಡೆ ಹೋಗಿದ್ದ. ಇನ್ಯಾರದೋ ಹೊಲದಲ್ಲಿ ಗೊಬ್ಬರಕ್ಕೆ ಕುರಿ ನಿಲ್ಲಿಸುವ ಮಾತಾಡಿಕೊಂಡು ಬರಬೇಕಿತ್ತು. ಹೀಗಾಗಿ ಓ ಅನ್ನಬೇಕಾದವನು ನಾನೊಬ್ಬನೇ.

ನಾನು ಅನ್ನಲಿಲ್ಲ.

ಕಾಲೇಜಿನ ಚರ್ಚಾಕೂಟದಲ್ಲಿ ಎರಡು ವರ್ಷ ಕಳೆದಿದ್ದೆ. ಎದುರಿನವರ ವಾದದಲ್ಲಿ ಸಡಿಲವಾದ ಗೂಟ ಯಾವುದೋ ಹುಡುಕಿ ಅದನ್ನೇ ಕೀಳುವುದು ಅಲ್ಲಿ ಕಲಿತ ವಿದ್ಯೆ.

“ಓ ಅನ್ನೋ,” ಅಂದ ಅಪ್ಪ.

“ಅಂದ್ರ ಏನ್ ಆಕೈತಿ?”

“ಆಗೂ ಮಾತಲ್ಲ. ಅನ್ನಬೇಕು.”

“ಅನ್ನಲಿಲ್ಲಂದ್ರ ಕುರಿ ಮೇಯಂಗಿಲ್ಲೇನು?”

“ಮೇಯ್ತಾವ. ನೀ ಓ ಅನ್ನು, ಮೇಯ್ತಾವ.”

“ನೀ ಕರದಿದ್ದು ದೇವರಿಗಿ ಕೇಳ್ಸಂಗಿಲ್ಲ, ನಾ ಓ ಅಂದ್ರ ಕೇಳಸ್ತೈತಾ? ಅಂವಗ ಕಿವಿ ಒಂದ ಐತೇನಪಾ?”

“ಹೈದರಾಬಾದಿನ ನೀರು ಕುಡದು ನಾಲಿಗಿ ಮಾರುದ್ದ ಆಗೈತಿ,” ಅಂದ ಅಪ್ಪ. “ಅಷ್ಟುದ್ದ ನಾಲಿಗಿ ಇಟ್ಕೊಂಡು ಒಂದ್ ಓ ಅನ್ನಾಕ ಏನ್ ತ್ರಾಸು?”

ಅವನೂ ಬಿಡುವವನಲ್ಲ, ನಾನೂ ಅಲ್ಲ; ಮಾತಿಗೆ ಮಾತು ಬೆಳೆದು ಹೊತ್ತು ಸರಿಯುತ್ತಲೇ ಇತ್ತು. ಅತ್ತಿಗೆ ಕೋಲು ಹಿಡಿದು ದೊಡ್ಡಿಯ ಬಾಗಿಲಲ್ಲಿ ನಿಂತಿದ್ದಳು. ಅವಳು ಮಲ್ದಕಲ್ ಕಡೆಯವಳು. ಅಣ್ಣನ ಹೆಂಡತಿಯಾಗಿ ಬಂದ ವರ್ಷದಿಂದಲೂ ಹಿಂಡಿನ ಹಿಂದೆ ಹೋಗುವವಳು ಅವಳೇ. ನಮ್ಮ ಮನೆಯಲ್ಲಿ ಒಂದೊಂದು ಕುರಿಯ ಕೆಮ್ಮನ್ನೂ ಗುರುತು ಹಿಡಿಯುವವಳು ಅವಳೊಬ್ಬಳೇ. ಅಡಿಗೆಮನೆಯಲ್ಲಿ ಅವಳ ಮಾತಿಗೆ ಬೆಲೆ ಇರಲಿಲ್ಲ. ಅಲ್ಲಿ ಅವ್ವನದೇ ರಾಜ್ಯ. ಅತ್ತಿಗೆಯ ಮಾತು ನಡೆಯುತ್ತಿದ್ದದ್ದು ಹಿಂಡಿನ ಹಿಂದೆ ಮಾತ್ರ.

“ಮಾವಾ, ಹೊತ್ತು ಏರೈತ್ರಿ. ಕುರಿ ಹಸದಾವ,” ಅಂದಳು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಅದನ್ನೇ ಅಂದಳು. ಆಮೇಲೆ ನನ್ನ ಕಡೆ ತಿರುಗಿ, “ತಮ್ಮಾ, ಓ ಅಂದ್ರ ನಿನ್ನ ಓದೇನು ಸವೀತೈತಾ?”

ಕೊನೆಗೆ ನಾನು ಅಣಕದ ದನಿಯಲ್ಲಿ ಓ ಅಂದೆ. ಅಪ್ಪ ಅಷ್ಟಕ್ಕೇ ತೃಪ್ತನಾದ. ಬಾಗಿಲು ತೆರೆದಾಗ ಸೂರ್ಯ ನೆತ್ತಿಗೆ ಹತ್ತಿರ ಬಂದಿದ್ದ. ಬೇರೆ ದಿನಗಳಲ್ಲಿ ಆ ಹೊತ್ತಿಗೆ ಹಿಂಡು ಗುಡ್ಡದಲ್ಲಿ ಅರ್ಧ ಹೊಟ್ಟೆ ತುಂಬಿಸಿಕೊಂಡಿರುತ್ತಿತ್ತು.

ಗುಡ್ಡಕ್ಕೆ ಹೋಗುವ ದಾರಿಯ ಬದಿಗೆ ಗೌಡರ ಜೋಳದ ಹೊಲ. ತೆನೆ ಕೊಯ್ದು ಆಗಿತ್ತು. ನಡುವೆ ಒಂದು ಸಣ್ಣ ಮಳೆ ಬಿದ್ದು ಬುಡಗಳು ಚಿಗುರಿ, ಆಮೇಲೆ ಮಳೆ ಕೈಕೊಟ್ಟು ಮೊಣಕಾಲೆತ್ತರದ ಚಿಗುರೆಲ್ಲ ಬಾಡಿ ನಿಂತಿತ್ತು. ಅತ್ತಿಗೆ ದಿನವೂ ಅದೇ ಬದುವಿನ ಮೇಲೆ ಹಿಂಡು ಹೊಡೆದುಕೊಂಡು ಹೋಗುತ್ತಿದ್ದಳು, ದಿನವೂ ಏನೂ ಆಗುತ್ತಿರಲಿಲ್ಲ. ಅವತ್ತು ಹಿಂಡು ಸಾಲು ಮುರಿದು ಒಳಗೆ ನುಗ್ಗಿತು.

ಕೂಗು ಕೇಳಿ ನಾನು ಓಡಿಹೋದಾಗ ಮೂರು ಆಗಲೇ ಬಿದ್ದಿದ್ದವು. ಕಾಲು ತೊಡರಿದಂತೆ ನಾಲ್ಕು ಹೆಜ್ಜೆ, ಬಾಯಿ ತೆರೆದು ಏದುಸಿರು, ಆಮೇಲೆ ಪಕ್ಕಕ್ಕೆ ಬೀಳುವುದು. ಅತ್ತಿಗೆ ಕೋಲು ಬೀಸಿ ಉಳಿದವನ್ನು ಬದುವಿನ ಆಚೆಗೆ ಅಟ್ಟುತ್ತಿದ್ದಳು. “ಬೆಲ್ಲಾ ತಗೊಂಡ್ ಬಾ ತಮ್ಮಾ, ಬೆಲ್ಲಾ!” ಅಂದಳು. ಮನೆಗೆ ಓಡಿ ತಂದುಕೊಟ್ಟೆ. ಬೆಲ್ಲದ ನೀರನ್ನು ಬಿದ್ದ ಕುರಿಗಳ ಬಾಯಿಗೆ ಸುರಿದಳು. ನಾಲ್ಕು ಎದ್ದವು, ಒಂಬತ್ತು ಏಳಲಿಲ್ಲ. ಎದ್ದವು ಬೆಲ್ಲದಿಂದ ಎದ್ದವೋ, ಕಡಿಮೆ ತಿಂದದ್ದರಿಂದ ಎದ್ದವೋ, ಹೇಳಲು ನನ್ನ ಹತ್ತಿರ ಪುರಾವೆ ಇಲ್ಲ.

ಮರುದಿನ ಬೆಳಿಗ್ಗೆ ಬೀರಪ್ಪನ ಗುಡಿಯ ಕಟ್ಟೆಯ ಮೇಲೆ ಹಿರಿಯರು ಸೇರಿದರು. ಸುದ್ದಿ ಮೊದಲೇ ಊರು ಸುತ್ತಿತ್ತು. ಪೂಜಾರಿ ನೇರವಾಗಿ ನನ್ನನ್ನೇ ನೋಡಿ ಅಂದ:

“ದೇವರು ದೊಡ್ಡಿ ಬಾಗ್ಲಾಗ ನಿಂತಿದ್ದ. ನೀ ಓ ಅನ್ನಾಕ ಹೊತ್ತು ನೆತ್ತಿಗಿ ತಂದಿ. ಐದು ಐತವಾರ ಬರೀ ಕಾಲಾಗ ಬಂದು, ಈ ಕಟ್ಟಿ ಮ್ಯಾಲ ನಿಂತು, ಊರಿಗೆಲ್ಲ ಕೇಳೂ ಹಂಗ ಓ ಅನ್ನು. ಫೈಸಲಾ ಆತು.”

ಶಿಕ್ಷೆ ಅಷ್ಟೇ. ಐದು ಭಾನುವಾರ, ಐದು ಓ. ಯೋಚಿಸಿ ನೋಡಿದರೆ ಬಹಳ ಅಗ್ಗದ್ದು. ಆದರೆ ಒಪ್ಪಿದರೆ ವಾದದಲ್ಲಿ ಸೋತಂತೆ. ನಾನು ಎದ್ದು ನಿಂತೆ. ಧುರ್ರಿನ್ ಹೆಸರು ಹೇಳಿದೆ, ಅದರ ಅರ್ಥವನ್ನು ಅವರಿಗೆ ತಿಳಿಯುವ ಹಾಗೆ ಬಿಡಿಸಿದೆ: ಎಳೆ ಚಿಗುರು, ಬಾಡಿದ್ದು, ಸಕ್ಕರೆಯ ಕಟ್ಟು, ಜಗಿದಾಗ ಬಿಚ್ಚುವುದು. ಭಂಡಾರ ಎರಚಿದರೂ ಎರಚದಿದ್ದರೂ ಎಲೆ ತಿಂದ ಕುರಿ ಸಾಯುತ್ತದೆ ಅಂದೆ. ಹೇಳಿದ್ದರಲ್ಲಿ ಒಂದು ಮಾತೂ ಸುಳ್ಳಿರಲಿಲ್ಲ.

ಅವರು ಗಮನವಿಟ್ಟು ಕೇಳಿದರು. ಹಲ್ಲಿಲ್ಲದ ಹಿರಿಯನೊಬ್ಬ, ನಮ್ಮ ಅಪ್ಪನಿಗೂ ಕುರಿ ಕಾಯುವುದು ಕಲಿಸಿದವನು, ನಕ್ಕ.

“ಎಳಿ ಜೋಳ ಕುರಿ ಕೊಲ್ತೈತಿ ಅನ್ನೂದು ನಮ್ಮ ಮುತ್ಯಾಗೂ ಗೊತ್ತಿತ್ತಪಾ. ಹೆಸರು ಒಂದ ಹೊಸಾದು. ಆತು, ದೇವರು ಅಲ್ಲ ಅಂತಿ.”

“ಅಲ್ರಿ.”

“ಹಂಗಾದ್ರ ಕುರಿ ಆವಾಗ ಯಾರ ಜಿಮ್ಮಾ ಇದ್ವು?”

ಚರ್ಚಾಕೂಟದಲ್ಲಿ ಕೇಳಿದ ಪ್ರಶ್ನೆಗೆ ತಡವರಿಸದೆ ಉತ್ತರ ಕೊಡಬೇಕು. “ಅತ್ತಿಗಿ ಜಿಮ್ಮಾ ಇದ್ವು,” ಅಂದೆ.

ಅತ್ತಿಗೆ ಹೆಂಗಸರ ಜೊತೆ ಗುಡಿಯ ಮಗ್ಗುಲಿಗೆ ನಿಂತಿದ್ದಳು. ಮುದುಕ ಅವಳನ್ನು ಮುಂದೆ ಕರೆದ.

“ಏನವ್ವಾ, ಚಿಗುರು ಜೋಳ ವಿಷಾ ಅಂತ ನಿನಗ ಗೊತ್ತಿದ್ದಿಲ್ಲೇನು?”

“ಗೊತ್ತಿತ್ರಿ. ನಮ್ಮ ಕಡೆ ತೆಲುಗಿನಾಗ ನಾಮು ಅಂತಾರ.”

“ಗೊತ್ತಿದ್ದೂ ಕುರಿ ಬಿಟ್ಟಿ?”

“ಬಿಡಲಿಲ್ರಿ. ಹೋದ್ವು.”

“ದಿನಾ ಹೋಗಲಾರದವು ನಿನ್ನೆ ಯಾಕ ಹೋದ್ವು?”

ಅವಳು ಅಪ್ಪನನ್ನು ನೋಡಿದಳು, ನನ್ನನ್ನು ನೋಡಿದಳು, ನೆಲ ನೋಡಿದಳು. ಉತ್ತರ ಕೊಡದವರ ವಿರುದ್ಧ ತೀರ್ಪು ಬೀಳುವುದು ನಮ್ಮ ಕಾಲೇಜಿನಲ್ಲೂ ಇದ್ದದ್ದೇ. ಗಮನ ಇಲ್ಲದವಳ ಕೈಗೆ ಹಿಂಡು ಕೊಡಬೇಡ ಎಂದು ಹಿರಿಯರು ಅಪ್ಪನಿಗೆ ಹೇಳಿದರು. ಅಪ್ಪ ಒಪ್ಪಿದ. ನನ್ನ ಐದು ಭಾನುವಾರ ಮಾಫ್ ಆದವು. ಮನೆಗೆ ನಡೆಯುವಾಗ ಅಪ್ಪ ನನ್ನ ಹೆಗಲ ಮೇಲೆ ಕೈ ಹಾಕಿ, “ಪೂಜಾರಿ ಮುಖಾ ನೋಡಿದೇನು?” ಅಂದ. ಮಕ್ತಲ್ ಸಂತೆಯ ಕತೆ ಹುಟ್ಟಿದ್ದು ಅಲ್ಲೇ.

ಅಣ್ಣ ಮರಿಕಲ್‌ನಿಂದ ಬಂದು, ಆದದ್ದು ಕೇಳಿ, ಹೆಂಡತಿಯ ಕೈಯ ಕೋಲು ಇಸಕೊಂಡ. ಮುಂದಿನ ವಾರದಿಂದ ಅತ್ತಿಗೆ ನಾರಾಯಣಪೇಟೆಯ ನೇಕಾರರ ಮನೆಯೊಂದಕ್ಕೆ ನೂಲು ಸುತ್ತುವ ಕೆಲಸಕ್ಕೆ ಹೋಗತೊಡಗಿದಳು. ಬೆಳಗಿನಿಂದ ಸಂಜೆಯವರೆಗೆ ಮಾಡಿನ ಕೆಳಗೆ ಕೂತು, ರಾಟೆ ತಿರುಗಿಸಿ, ಸೀರೆಯ ಅಡ್ಡ ಎಳೆಗೆ ಬೇಕಾದ ನೂಲನ್ನು ಕಂಡಿಕೆಯ ಸಣ್ಣ ಕೊಳವೆಗೆ ಸುತ್ತಬೇಕು. ಕೆಟ್ಟ ಕೆಲಸವೇನಲ್ಲ, ಊರಿನ ಎಷ್ಟೋ ಹೆಂಗಸರು ಮಾಡುತ್ತಾರೆ. ಆದರೆ ಅವಳು ಅದನ್ನು ಆರಿಸಿಕೊಂಡಿರಲಿಲ್ಲ.

ರಜೆ ಮುಗಿಸಿ ಹೈದರಾಬಾದಿಗೆ ಹೋದ ಮೇಲೆ ರಸಾಯನಶಾಸ್ತ್ರದ ಪುಸ್ತಕವನ್ನು ಮತ್ತೆ ತೆಗೆದೆ. ಧುರ್ರಿನ್ ಬಗ್ಗೆ ಇದ್ದದ್ದು ಅರ್ಧ ಪುಟ. ಅದರ ಕೊನೆಯಲ್ಲಿ ಒಂದು ಮಾತಿತ್ತು: ಹೊಟ್ಟೆಯಲ್ಲಿ ಬೇರೆ ಮೇವಿದ್ದು, ನಿಧಾನವಾಗಿ ತಿಂದ ಪ್ರಾಣಿ ಉಳಿದೀತು, ಹಸಿದು ಗಬಗಬ ತಿಂದದ್ದು ಉಳಿಯುವುದು ಕಷ್ಟ. ನಾನು ಇದನ್ನು ಮೊದಲು ಓದಿರಲಿಲ್ಲ ಎಂದು ಹೇಳಿದ್ದರೆ ಚೆನ್ನಾಗಿತ್ತು. ಆದರೆ ಆ ಸಾಲಿನ ಪಕ್ಕಕ್ಕೆ ನನ್ನದೇ ಪೆನ್ಸಿಲಿನ ಗೀಟು ಇತ್ತು. ಕಟ್ಟೆಯ ಮೇಲೆ ನಿಂತು ಅರ್ಧ ಪುಟವನ್ನೂ ಹೇಳಿ ಆ ಒಂದು ಸಾಲನ್ನು ಬಿಟ್ಟಿದ್ದೆ. ಬೇಕೆಂದು ಬಿಟ್ಟೆನೋ, ಬಿಟ್ಟುಹೋಯಿತೋ? ನನ್ನ ಪರವಾಗಿ ನಾನೇ ಸಾಕ್ಷಿ ಹೇಳಿದರೆ ಅದನ್ನು ಯಾರು ನಂಬಬೇಕು?

ಪೂಜಾರಿಯ ವಾದದಲ್ಲಿ ದೇವರನ್ನು ತೆಗೆದು ನೋಡಿದರೆ ಉಳಿಯುವುದು ತಡ. ತಡವಾದದ್ದರಿಂದ ಕುರಿ ಸತ್ತವು ಅಂದಿದ್ದ ಅವನು. ಅವನು ಕೊಟ್ಟ ಕಾರಣ ತಪ್ಪು, ತೋರಿಸಿದ ಬೆರಳು ಸರಿ. ನನ್ನ ಕಾರಣ ಸರಿ, ಬೆರಳು ಬೇರೆ ಕಡೆ.

ಮುಂದಿನ ರಜೆಯಲ್ಲಿ ಅಪ್ಪನಿಗೆ ಇದನ್ನು ಹೇಳಿದೆ. ಹಿರಿಯರ ಮುಂದೆ ಮತ್ತೆ ಹೇಳೋಣ, ಅತ್ತಿಗೆಗೆ ಕೋಲು ಕೊಡಿಸೋಣ ಅಂದೆ. ಅಪ್ಪ ಬೀಡಿ ಹಚ್ಚಿ, “ಆದದ್ದು ಆತು. ಗೆದ್ದೀ ಅಲ್ಲ, ಯಾಕ ಕೆದರ್ತಿ?” ಅಂದ. ನಾನೊಬ್ಬನೇ ಆ ಹಲ್ಲಿಲ್ಲದ ಮುದುಕನ ಹತ್ತಿರ ಹೋದೆ. “ಅಲ್ಲೋ, ಅವತ್ತು ಅಷ್ಟು ಚಂದ ಹೇಳಿದಿ, ಇವತ್ತು ಬ್ಯಾರೇನ ಹೇಳ್ತಿ. ನಾವು ಯಾವುದು ನಂಬೂದು?” ಅಂದ ಅವನು.

ಮರುದಿನ ಮಧ್ಯಾಹ್ನ ನಾರಾಯಣಪೇಟೆಗೆ ಹೋದೆ. ಅತ್ತಿಗೆ ಮಾಡಿನ ಕೆಳಗೆ ರಾಟೆಯ ಮುಂದೆ ಕೂತಿದ್ದಳು. ಬೆರಳುಗಳಿಗೆಲ್ಲ ಕೆಂಪು ಬಣ್ಣ ಹತ್ತಿತ್ತು. ನನ್ನನ್ನು ನೋಡಿ, “ಬಾ ತಮ್ಮಾ, ಉಂಡ್ಯಾ?” ಅಂದಳು. ಒಳಗೆ ಮಗ್ಗದ ಸದ್ದು ನಡೆದೇ ಇತ್ತು. ನಾನು ಅವಳಿಗೆ ಪುಸ್ತಕದ ಆ ಸಾಲು ಹೇಳಿದೆ. ಅವಳು, “ಅದೇನು ಪುಸ್ತಕದಾಗ ಬರೀಬೇಕಾ? ಹಸದ ಕುರಿ ಅಂದ್ರ ಹಸದ ಕುರಿ,” ಅಂದಳು. ರಾಟೆ ನಿಲ್ಲಿಸಲಿಲ್ಲ.

“ಅತ್ತಿಗಿ, ನಿನಗ ಎಲ್ಲಾ ಗೊತ್ತಿತ್ತು. ಕುರಿ ಹಸದಾವ ಅಂತ ಎರಡು ಸಲ ಹೇಳಿದಾಕಿ ನೀನ. ಕಟ್ಟಿ ಮ್ಯಾಲ ಅವರು ‘ಯಾಕ ಹೋದ್ವು’ ಅಂತ ಕೇಳಿದಾಗ ನನ್ನ ಹೆಸರು ಯಾಕ ಹೇಳಲಿಲ್ಲ?”

“ಹೇಳಿದ್ರ ಮಾವನ ಹೆಸರೂ ಹೇಳ್ಬೇಕಿತ್ತಲ್ಲ ತಮ್ಮಾ, ನೀ ಹೈದರಾಬಾದಿಗಿ ಹೋಗ್ತಿ, ನಾ ಆ ಮನ್ಯಾಗ ಇರಾಕಿ,” ಅಂದು ಅವಳು ರಾಟೆಗೆ ಇನ್ನೊಂದು ಕಂಡಿಕೆ ಏರಿಸಿದಳು.